ಫ್ರಿಜ್ಜಿಗೊಂದು ನಳ

ಮಗ ಬೆಂಗಳೂರಿನಲ್ಲಿ ಕೂತು ಆನ್‌ಲೈನಿನಲ್ಲಿ ಕಳಿಸಿದ ಎರಡು ಬಾಗಿಲಿನ ಫ್ರಿಜ್ಜು ಹಳೇ ಹುಬ್ಬಳ್ಳಿಯ ನಮ್ಮ ಮನೆ ಹೊಕ್ಕಬೇಕಾದರೆ ತಲಬಾಗಿಲಿನ ಒಂದು ಕದವನ್ನೇ ಕಳಚಬೇಕಾಯಿತು. ಅದರ ಎದೆಯಲ್ಲೊಂದು ಗೂಡು. ಲೋಟ ಒತ್ತಿದರೆ ತಣ್ಣೀರು, ಗುಂಡಿ ಒತ್ತಿದರೆ ಬರ್ಫದ ತುಂಡು.

“ಇದಕ್ಕ ನೀರ ತುಂಬಾಕಿ ಯಾರು?” ಅವ್ವ ಮೊದಲು ಕೇಳಿದ್ದೇ ಇದನ್ನು.

“ಯಾರೂ ತುಂಬೂದು ಬ್ಯಾಡ ಆಯಿ, ಲೈನಿಂದ ಸೀದಾ ಬರ್ತೈತಿ,” ಅಂದ ಮೊಮ್ಮಗ ಫೋನಿನಲ್ಲಿ. ಹುಡುಗ ಊರು ಬಿಟ್ಟು ಬಾಳ ದಿನ ಆಯಿತು ಅನ್ನುವಂತೆ ಅವ್ವ ನನ್ನ ಮುಖ ನೋಡಿದಳು.

ಈ ಫ್ರಿಜ್ಜು ಮಾಡಿದವರ ಲೆಕ್ಕದಲ್ಲಿ ನೀರು ಅಂದರೆ ಗೋಡೆಯೊಳಗೆ ಯಾವಾಗಲೂ ಇರುವ ವಸ್ತು. ನಮ್ಮ ಓಣಿಯಲ್ಲಿ ನೀರು ಅಂದರೆ ಒಂದು ದಿನ. ಸೋಮವಾರ, ಅಮಾವಾಸ್ಯೆ ಇದ್ದ ಹಾಗೆ ನೀರು ಬರೂ ದಿನ. ಬೀಗರನ್ನು ಊಟಕ್ಕೆ ಕರೆಯುವ ಮೊದಲು ಪಂಚಾಂಗ ನೋಡದಿದ್ದರೂ ನಡೆದೀತು, ನೀರು ಬಿಡಾಂವನನ್ನು ಕೇಳದೆ ನಡೆಯದು. ಕಣಕುಂಬಿಯಲ್ಲಿ ಹುಟ್ಟಿದ ಮಲಪ್ರಭೆ ನವಿಲುತೀರ್ಥದ ಅಣೆಕಟ್ಟಿನಲ್ಲಿ ತಂಗಿ, ಅಮ್ಮಿನಭಾವಿಯಲ್ಲಿ ಶುದ್ಧಿ ಮಾಡಿಸಿಕೊಂಡು ನಮ್ಮ ನಳಕ್ಕೆ ಬರುವ ಹೊತ್ತಿಗೆ ನಡುರಾತ್ರಿ ಆಗಿರುತ್ತದೆ. 2008ರಲ್ಲಿ ವಿಶ್ವಬ್ಯಾಂಕಿನ ನೆರವಿನಿಂದ ಅವಳಿನಗರದ ಕೆಲವು ವಾರ್ಡುಗಳಿಗೆ ದಿನದ 24 ತಾಸೂ ನೀರು ಬಂತು. ಅಂಥ ಮನೆಗೆ ಕಣ್ಣು ಮುಚ್ಚಿ ಹೆಣ್ಣು ಕೊಡಲು ನಾನು ತಯಾರಿದ್ದೆ, ಹೆಣ್ಣುಮಗಳೇ ಇರಲಿಲ್ಲ.

ಪ್ಲಂಬರ್ ಬಂದ. ಫ್ರಿಜ್ಜಿನ ಬೆನ್ನಿಗೆ ಕಾಲು ಇಂಚಿನ ಬಿಳಿ ನಳಿಗೆ ಜೋತಾಡುತ್ತಿತ್ತು. ಅದನ್ನು ಎರಡು ಬೆರಳಲ್ಲಿ ಹಿಡಿದೆತ್ತಿ, “ಸಲೈನ್ ಹಚ್ಚಿದಂಗ ಐತಲ್ರೀ ಸರ. ಆರಾಮಿಲ್ಲೇನು?” ಅಂದ. ದುರ್ಗದಬೈಲಿನ ಸುತ್ತ ಹಾರ್ಡ್‌ವೇರ್ ಅಂಗಡಿಗಳಲ್ಲಿ ಕೇಳಿದರೆ, ಆರ್‌ಒ ಯಂತ್ರಕ್ಕೆ ಹಾಕುವುದೂ ಇದೇ ನಳಿಗೆ ಎಂದು ಗೊತ್ತಾಯಿತು. ಮಾರು ಮಾರು ಅಳೆದು ಕೊಟ್ಟರು. ಅರ್ಧ ಇಂಚನ್ನು ಕಾಲು ಇಂಚಿಗೆ ಇಳಿಸುವ ಹಿತ್ತಾಳೆಯ ಜೋಡಣೆ, ಒಂದು ಪುಟ್ಟ ವಾಲ್ವು, ಒಂದಿಷ್ಟು ಟೆಫ್ಲಾನ್ ಟೇಪು, ಇಷ್ಟಾದರೆ ಸಾಮಾನು ಮುಗಿಯಿತು. ಉಳಿದದ್ದು ಒಂದೇ ಪ್ರಶ್ನೆ: ಇನ್ನೊಂದು ತುದಿಯನ್ನು ಎಲ್ಲಿಗೆ ಹಚ್ಚುವುದು?

ಹೊಳಿ ನೀರಿನ ನಳಕ್ಕೆ ಹಚ್ಚಿದರೆ ಫ್ರಿಜ್ಜು ನೀರಿನ ದಿನದವರೆಗೆ ನಿರಾಹಾರ. ಬೋರಿಗೆ ಹಚ್ಚೋಣವೆಂದರೆ ಅದು ಸವಳು. ಕೊಡದ ತಳದಲ್ಲಿ ಸುಣ್ಣ ಬಳಿಯುವ ನೀರು ಆ ಸಣ್ಣ ನಳಿಗೆಯನ್ನು ಬಿಟ್ಟೀತೆ? ಉಳಿದದ್ದು ಮಾಳಿಗೆಯ ಮೇಲಿನ ಟಾಕಿ. ಅದಕ್ಕೇ ಹಚ್ಚಿ ಲೋಟ ಒತ್ತಿದೆವು. ಫ್ರಿಜ್ಜು ಗುರ್ ಅಂದಿತು. ನೀರು ಬರಲಿಲ್ಲ.

ಕಂಪನಿಯ ಹುಡುಗ ಬಂದು ಲೆಕ್ಕ ಹೇಳಿದ. ಒಳಗಿನ ವಾಲ್ವು ತೆರೆಯಲು ಚದರ ಇಂಚಿಗೆ 20 ಪೌಂಡಾದರೂ ಒತ್ತಡ ಬೇಕು. ನೀರು ಒಂದು ಅಡಿ ಎತ್ತರದಲ್ಲಿದ್ದರೆ ಸಿಗುವುದು ಅರ್ಧ ಪೌಂಡಿಗೂ ಕಡಿಮೆ. ಗುಣಾಕಾರ ಮಾಡಿದರೆ ಟಾಕಿ ಫ್ರಿಜ್ಜಿಗಿಂತ 46 ಅಡಿ ಮೇಲಿರಬೇಕು. ಪ್ಲಂಬರ್ ತಲೆ ಎತ್ತಿ ನಮ್ಮ ಒಂದೇ ಅಂತಸ್ತಿನ ಮಾಳಿಗೆ ನೋಡಿದ. “ಇನ್ನೂ ಮೂರು ಅಂತಸ್ತು ಕಟ್ರಿ ಸರ. ಬರ್ಫ ಬರ್ತೈತಿ, ಬಾಡಿಗಿನೂ ಬರ್ತೈತಿ.” ನನಗೆ ಅವನ ಸಲಹೆಯೇ ಹೆಚ್ಚು ವ್ಯಾವಹಾರಿಕ ಅನ್ನಿಸಿತು.

ಕೊನೆಗೆ ಸಿಕ್ಕ ಉಪಾಯ: 20 ಲೀಟರಿನ ಕ್ಯಾನು, ಅದಕ್ಕೊಂದು ಪುಟ್ಟ ಬೂಸ್ಟರ್ ಪಂಪು. ಎರಡನ್ನೂ ಫ್ರಿಜ್ಜಿನ ಹಿಂದೆ ಅಡಗಿಸಿಟ್ಟು ಲೋಟ ಒತ್ತಿದಾಗ ನೀರು ಚಿಮ್ಮಿತು. ನಾವು ಚಪ್ಪಾಳೆ ತಟ್ಟುವಷ್ಟರಲ್ಲಿ ಆ ಹುಡುಗ, “ಹೊಸಾ ಫಿಲ್ಟರ್ ಅಲ್ರೀ, ಮೊದಲಿನ ಏಳೆಂಟು ಲೀಟರ್ ಚೆಲ್ಲಬೇಕ್ರಿ,” ಅಂದುಬಿಟ್ಟ.

ಚೆಲ್ಲಬೇಕು ಅನ್ನುವುದು ಅವ್ವನ ಕಿವಿಗೆ ಬಿತ್ತು. ಅಡಿಗೆಮನೆಯಿಂದ ಬಕೆಟ್ಟು, ಪಾತೇಲಿ, ಎರಡು ತಂಬಿಗೆ ಬಂದವು. ಹುಡುಗ ಲೋಟದ ಮೇಲೆ ಲೋಟ ಹಿಡಿಯುತ್ತ ಹೋದ, ಅವ್ವ ಬಗ್ಗಿಸಿಕೊಳ್ಳುತ್ತ ಹೋದಳು. ಮೊದಲ ಪಾತ್ರೆಯ ನೀರಿಗೆ ಇದ್ದಿಲಿನ ಪುಡಿ ಬೆರೆತು ಬೂದುಬಣ್ಣ ಬಂದಿತ್ತು, ಅದು ಪಾಯಖಾನೆಗೆ. ಎರಡನೆಯದು ಕರಿಬೇವಿನ ಗಿಡಕ್ಕೆ. ಮೂರನೆಯದನ್ನು ಬೆಳಕಿಗೆ ಹಿಡಿದು ನೋಡಿ, “ಇದಕ್ಕೇನಾಗೇತಿ ಧಾಡಿ?” ಎಂದು ಬ್ಯಾಳಿ ತೊಳೆಯಲು ಒಯ್ದಳು. ಹುಡುಗ ರಸೀದಿಗೆ ಸಹಿ ಮಾಡಿಸಿಕೊಂಡು ಹೋದ.

ಕ್ಯಾನು ತುಂಬುವವರು ಯಾರು ಎಂಬ ಪ್ರಶ್ನೆ ಮಾತ್ರ ಅವ್ವ ಕೇಳಿದಲ್ಲೇ ನಿಂತಿತ್ತು. ಉತ್ತರವಾಗಿ ಮನೆಯಲ್ಲಿ ನಾನೊಬ್ಬ ಇದ್ದೆ. ನೀರಿನ ದಿನ ಟಾಕಿ, ಹಂಡೆ, ಕೊಡ ಎಲ್ಲ ತುಂಬಿದ ಮೇಲೆ ನಸುಕಿನಲ್ಲಿ ಫ್ರಿಜ್ಜಿನ ಪಾಳಿ. ಒಮ್ಮೆ ಹೀಗೇ ಕ್ಯಾನು ಹೊತ್ತು ಅಂಗಳ ದಾಟುವಾಗ ಎದುರುಮನೆಯ ಕಾಕಾ ಹಲ್ಲುಜ್ಜುತ್ತ ನಿಂತಿದ್ದರು. “ನಿಮ್ಮದು ಅಟೋಮ್ಯಾಟಿಕ್ ಫ್ರಿಜ್ ಅಂದ್ರಲ್ಲ?” ಅಂದರು.

“ಹೌದ್ರೀ ಕಾಕಾ, ಪೂರಾ ಅಟೋಮ್ಯಾಟಿಕ್.”

“ಚಲೋ ಆತು. ನಾಳೆ ನಮ್ಮ ಮನಿಗೆ ಬೀಗರು ಬರಾಕತ್ತಾರ. ಅದರಾಗ ಎರಡ ಕೊಡ ನೀರ ಸಿಗಬಹುದೇನು?”