ಕಾಶಿಗೆ ಹೋದ ಭಾವ

ನಮ್ಮ ಭಾವನವರ ಮದುವೆಯಲ್ಲಿ ಧಾರೆ ಎರೆದದ್ದಕ್ಕೆ ಈಗ ವಿಡಿಯೋ ಸಾಕ್ಷಿಯಿಲ್ಲ. ಸಿ.ಡಿ. ಏನೋ ಇದೆ. ಡಬ್ಬಿಯ ಮೇಲೆ ಗಣಪತಿ, ವಧೂವರರ ಹೆಸರು, ಸ್ಟುಡಿಯೋದ ಫೋನ್ ನಂಬರು ಎಲ್ಲ ನಿಚ್ಚಳ. ಹಾಕಿದರೆ ಮಾತ್ರ, ಕಾಶೀಯಾತ್ರೆಗೆ ಕೊಡೆ ಹಿಡಿದು ಹೊರಟ ಭಾವ ಚೌಕಚೌಕವಾಗಿ ಒಡೆದು ನಿಂತುಬಿಡುತ್ತಾರೆ. ಮುಂದಕ್ಕೂ ಇಲ್ಲ, ಹಿಂದಕ್ಕೂ ಇಲ್ಲ.

"ನಿಜವಾಗಿ ಹೋಗಿದ್ದರೂ ಆಗುತ್ತಿತ್ತು" ಎಂದಳು ಅಕ್ಕ, ಕಾಫಿ ಲೋಟ ಕುಕ್ಕುತ್ತಾ.

ಮನೆಯಲ್ಲಿ, ಸ್ಟುಡಿಯೋದಲ್ಲಿ ಬರೆಯುವ ಸಿ.ಡಿ.ಗಳಲ್ಲಿ ಮಾಹಿತಿ ಕೂರುವುದು ಒಂದು ತೆಳು ಬಣ್ಣದ ಪದರದಲ್ಲಿ. ಬಿಸಿಲು, ಸೆಕೆ ತಾಗಿದರೆ ಬಣ್ಣ ಕೆಡುತ್ತದೆ. ಪೆನ್‌ಡ್ರೈವ್ ವಾಸಿ ಅನ್ನೋಣವೆಂದರೆ, ಅದರೊಳಗಿನ ವಿದ್ಯುದಾವೇಶ ವರ್ಷಗಟ್ಟಲೆ ಬೀರುವಿನಲ್ಲಿಟ್ಟರೆ ಮೆಲ್ಲಗೆ ಸೋರಿಹೋಗಬಹುದು. ಎಲ್ಲ ಸರಿಯಿದ್ದರೂ ಹೊಸ ಲ್ಯಾಪ್‌ಟಾಪಿನಲ್ಲಿ ಸಿ.ಡಿ. ತೂರಿಸಲು ಜಾಗವೇ ಇರುವುದಿಲ್ಲ. ಇಂಗ್ಲೆಂಡಿನ ಬಿಬಿಸಿಯವರು 1086ರ 'ಡೂಮ್ಸ್‌ಡೇ' ಎಂಬ ಜಮೀನು ದಾಖಲೆಯ ಒಂಬೈನೂರನೇ ವರ್ಷಕ್ಕೆಂದು 1986ರಲ್ಲಿ ಲೇಸರ್ ಡಿಸ್ಕಿನಲ್ಲಿ ಹೊಸದೊಂದನ್ನು ಮಾಡಿದರು. ಹದಿನೈದು ವರ್ಷ ಕಳೆಯುವಷ್ಟರಲ್ಲಿ ಅದನ್ನು ಓದುವ ಯಂತ್ರ ಹುಡುಕಬೇಕಾಯಿತು. ಹಳೆಯ ದಾಖಲೆಯ ಚರ್ಮದ ಹಾಳೆಗಳನ್ನು ಮಾತ್ರ ಇವತ್ತೂ ಓದಬಹುದು.

ಆದರೆ ನನಗೆ ಬಲು ಪ್ರಿಯವಾದದ್ದು 'ಟಾಯ್ ಸ್ಟೋರಿ 2' ಎಂಬ ಆನಿಮೇಷನ್ ಸಿನಿಮಾದ ಫಜೀತಿ. 1998ರಲ್ಲಿ ಪಿಕ್ಸಾರ್ ಸಂಸ್ಥೆಯಲ್ಲಿ ಯಾರೋ ಅಳಿಸುವ ಆಜ್ಞೆ ಕೊಟ್ಟರು. ನೋಡನೋಡುತ್ತಿದ್ದಂತೆ ಕಥಾನಾಯಕ ಗೊಂಬೆ ವುಡಿಯ ಟೋಪಿ ಮಾಯ, ಬೂಟು ಮಾಯ, ಕೊನೆಗೆ ವುಡಿಯೇ ಮಾಯ. ಬ್ಯಾಕಪ್ ಇತ್ತಲ್ಲ ಎಂದು ತೆಗೆದರೆ, ಅದು ಸರಿಯಾಗಿ ಆಗಿರಲೇ ಇಲ್ಲ. ಯಾರೂ ತೆಗೆದು ನೋಡಿರಲಿಲ್ಲ. ಸಿನಿಮಾ ಉಳಿಸಿದ್ದು ಬಾಣಂತನ! ತಾಂತ್ರಿಕ ಮುಖ್ಯಸ್ಥೆ ಗ್ಯಾಲಿನ್ ಸುಸ್ಮನ್ ಕೂಸು ನೋಡಿಕೊಳ್ಳುತ್ತಾ ಮನೆಯಿಂದಲೇ ಕೆಲಸ ಮಾಡುತ್ತಿದ್ದರು. ಅವರ ಮನೆಯ ಕಂಪ್ಯೂಟರಿನಲ್ಲಿ ಒಂದು ಪ್ರತಿ ಇತ್ತು. ಆ ಯಂತ್ರಕ್ಕೆ ಕಂಬಳಿ ಸುತ್ತಿ, ಕಾರಿನ ಹಿಂದಿನ ಸೀಟಿನಲ್ಲಿ ಬೆಲ್ಟು ಬಿಗಿದು ಆಫೀಸಿಗೆ ಕರೆತಂದರಂತೆ. ನಮ್ಮಲ್ಲಾಗಿದ್ದರೆ ದೃಷ್ಟಿಯನ್ನೂ ತೆಗೆಯುತ್ತಿದ್ದರು.

ಬಲ್ಲವರ ಲೆಕ್ಕ ಸರಳ: ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದು ಪ್ರತಿ ಬೇರೆ ಊರಲ್ಲೋ ಬೇರೆ ಮನೆಯಲ್ಲೋ. ತಾಳೆಗರಿಯ ಕಾಲದಲ್ಲೂ ಗರಿ ಹುಳು ಹಿಡಿಯುವ ಮೊದಲೇ ಯಾರೋ ಕೂತು ಹೊಸ ಗರಿಗೆ ಪ್ರತಿ ಮಾಡುತ್ತಿದ್ದರು. ಬೆನ್ನು ಬಗ್ಗಿಸುವವರಿಲ್ಲದ ಗ್ರಂಥ ಗೆದ್ದಲಿಗೆ.

ಭಾವನವರ ಹಾರ್ಡ್‌ಡಿಸ್ಕಿಗೆ ಆಯುಧಪೂಜೆಯಲ್ಲಿ ತಪ್ಪದೆ ಅರಿಶಿನ ಕುಂಕುಮ, ಸೇವಂತಿಗೆ ಹೂ ಸಲ್ಲುತ್ತದೆ. ವೈರು ಮಾತ್ರ ಎಲ್ಲಿದೆಯೋ ಅವರಿಗೇ ಗೊತ್ತಿಲ್ಲ. ನಿಮ್ಮ ಮನೆಯಲ್ಲೂ ಅಂಥದ್ದೊಂದಿದ್ದರೆ, ಈ ಸಲ ಕುಂಕುಮ ಹಚ್ಚುವ ಮುಂಚೆ ಒಮ್ಮೆ ಕಂಪ್ಯೂಟರಿಗೆ ಸಿಕ್ಕಿಸಿ, ಒಳಗಿನ ಫೋಟೋ ತೆರೆಯುತ್ತದೆಯೇ ನೋಡಿಬಿಡಿ.