ಲಾಸ್ಟ್ ಸರ್ಕಲ್ ಅಣ್ಣ

ಸೇಲಂನ ಮಗ್ಗದ ಬೀದಿಗಳಲ್ಲಿ ಚೌಡೇಶ್ವರಿ ಗುಡಿ ಎಷ್ಟು ಖಾಯಮ್ಮೋ ಲಾಸ್ಟ್ ಸರ್ಕಲ್ ಅಣ್ಣನೂ ಅಷ್ಟೇ ಖಾಯಂ. ಕೊಂಡಲಾಂಪಟ್ಟಿಯಲ್ಲಿ ಒಬ್ಬನಿದ್ದಾನೆ, ಗುಗೈಯಲ್ಲಿ ಒಬ್ಬನಿದ್ದಾನೆ. ಜಲಕಂಡಾಪುರದಲ್ಲಿ ಇಬ್ಬರಿದ್ದು ಒಬ್ಬರ ಮುಖ ಒಬ್ಬರು ನೋಡುವುದಿಲ್ಲ. ವಯಸ್ಸು ಮೂವತ್ತು ದಾಟಿರುತ್ತದೆ. ಅವ್ವನ ಲೆಕ್ಕದಲ್ಲಿ ಮಾತ್ರ ಇಪ್ಪತ್ತೇಳಕ್ಕೇ ನಿಂತಿರುತ್ತದೆ, ಯಾಕೆಂದರೆ ಜಾತಕ ಇನ್ನೂ ಓಡಾಡುತ್ತಿದೆ. ಮನೆಯೊಳಗೆ ದೇವಾಂಗರ ಕನ್ನಡ, ಬೀದಿಗಿಳಿದರೆ ತಮಿಳು, ಫೋನು ಕೈಗೆ ಬಂದರೆ ಎರಡನ್ನೂ ಕಲಸಿ ಮೇಲೆ ಇಂಗ್ಲಿಷ್ ಚಿಮುಕಿಸಿದ ಮೂರನೆಯದೊಂದು ಭಾಷೆ. ಪಬ್ಜಿ ಆಡುವ ಹುಡುಗರಿಗೆಲ್ಲ ಅವನೇ ಗುರು. ಅದರಲ್ಲೂ ಆಟದ ಕೊನೆಯ ಘಟ್ಟ, ಅಂದರೆ ಲಾಸ್ಟ್ ಸರ್ಕಲ್ಲು, ಅವನ ಖಾಸಾ ವಿಷಯ. ಆ ಸರ್ಕಲ್ಲಿಗೆ ಅವನು ಜೀವಸಹಿತ ತಲುಪಿದ್ದನ್ನು ಕಂಡವರು ಮಾತ್ರ ಬೀದಿಯಲ್ಲಿ ಯಾರೂ ಇಲ್ಲ.

ಮನೆಯಲ್ಲಿ ಹರೆಯದ ಮಕ್ಕಳಿಲ್ಲದ ಪುಣ್ಯವಂತರಿಗಾಗಿ ಆಟವನ್ನು ಚುಟುಕಾಗಿ ಹೇಳಬೇಕು. ನೂರು ಜನ ಒಂದು ವಿಮಾನದಿಂದ ದ್ವೀಪವೊಂದಕ್ಕೆ ಧುಮುಕುತ್ತಾರೆ. ಎರಾಂಗೆಲ್ ಎಂಬ ಹಳೆಯ ದ್ವೀಪವಾದರೆ ಉದ್ದ 8 ಕಿಲೋಮೀಟರು, ಅಗಲ 8 ಕಿಲೋಮೀಟರು. ಇಳಿದವರು ಬಿದ್ದಿರುವ ಬಂದೂಕು, ಹೆಲ್ಮೆಟ್ಟು, ಔಷಧಿ ಆರಿಸಿಕೊಳ್ಳಬೇಕು, ಕಂಡವರನ್ನು ಹೊಡೆಯಬೇಕು. ಇದರ ಮೇಲೆ ನಕ್ಷೆಯಲ್ಲೊಂದು ವೃತ್ತ ಹಂತಹಂತವಾಗಿ ಕುಗ್ಗುತ್ತ ಬರುತ್ತದೆ. ಅದರ ಹೊರಗೆ ಉಳಿದವರ ಜೀವವನ್ನು ನೀಲಿ ಗೋಡೆ ಸುಡುತ್ತದೆ. ಹಂತ ಏರಿದಂತೆ ಉರಿಯೂ ಏರುತ್ತದೆ. ಅರ್ಧ ಗಂಟೆಯ ಹೊತ್ತಿಗೆ ವೃತ್ತ ಒಂದು ಮನೆಯಂಗಳದಷ್ಟಾಗುತ್ತದೆ, ಆಮೇಲೆ ಅದೂ ಇಲ್ಲವಾಗುತ್ತದೆ. ಕೊನೆಗೆ ಉಸಿರಿರುವವನಿಗೆ ಚಿಕನ್ ಡಿನ್ನರ್. ನಾಲ್ವರು ಸೇರಿ ಸ್ಕ್ವಾಡ್ ಕಟ್ಟಿಕೊಂಡೂ ಆಡಬಹುದು. ಹಾಗೆ ಆಡಿದಾಗ ನಾಲ್ವರಲ್ಲಿ ಒಬ್ಬ ಉಳಿದು ಗೆದ್ದರೂ ಸತ್ತ ಮೂವರ ಹೆಸರಿಗೂ ಚಿಕನ್ ಡಿನ್ನರ್ ಜಮೆಯಾಗುತ್ತದೆ. ಈ ನಿಯಮ ಬರೆದವನ ಹೊಟ್ಟೆ ತಣ್ಣಗಿರಲಿ. ಅಣ್ಣನ ಕೀರ್ತಿಯೆಲ್ಲ ನಿಂತಿರುವುದು ಇದರ ಮೇಲೆ.

ವಿಮಾನದಿಂದ ಎಲ್ಲಿ ಇಳಿಯುವುದು ಎಂದರೆ ಅಣ್ಣನದು ಒಂದೇ ಉತ್ತರ: ಪೊಚಿಂಕಿ. ಆ ಊರಿಗೆ ಎಲ್ಲರೂ ಇಳಿಯುತ್ತಾರೆ, ಅದಕ್ಕೇ ಅಲ್ಲಿಗೆ ಹೋಗಬಾರದು ಎಂದು ಹುಡುಗರಿಗೆ ಪಾಠ ಹೇಳಿದವನೂ ಅವನೇ. ಇಳಿದು, ಮನೆಯೊಂದಕ್ಕೆ ನುಗ್ಗಿ, ಬಂದೂಕು ಸಿಗದೆ ಬಾಣಲೆ ಹಿಡಿದು ಈಚೆ ಬರುವಷ್ಟರಲ್ಲಿ ಯಾರದೋ ಗುಂಡು ತಗುಲಿ ಮಂಡಿಯೂರುತ್ತಾನೆ. ಅವನ ಸಾವಿಗೆ ಗುಂಡು ಎಂದೂ ಕಾರಣವಲ್ಲ. ಒಂದು ದಿನ ಪಿಂಗು, ಒಂದು ದಿನ ಬೆವರಿದ ಹೆಬ್ಬೆರಳು, ಒಂದು ದಿನ ಸರಿಯಾಗಿ ಅದೇ ಹೊತ್ತಿಗೆ ಬಂದ ಅತ್ತೆಯ ಫೋನು. ಎಬ್ಬಿಸಲು ಹುಡುಗರು ಓಡಿ ಬಂದರೆ, "ನನ್ನ ಬಿಡ್ರೋ ಮಚ್ಚಾ, ನೀವು ಸರ್ಕಲ್ ನೋಡ್ರೋ!" ಎಂದು ಹುತಾತ್ಮನ ದನಿಯಲ್ಲಿ ಕೂಗುತ್ತಾನೆ. ಸತ್ತವರನ್ನು ಮರಳಿ ಕರೆಸುವ ರೀಕಾಲ್ ಸೌಲಭ್ಯ ಈಚೆಗೆ ಆಟಕ್ಕೆ ಬಂದಿದೆ. ಅಣ್ಣನಿಗೆ ಅದು ಸುತರಾಂ ಇಷ್ಟವಿಲ್ಲ. ಆತ್ಮಕ್ಕೆ ಮುಕ್ತಿ ಸಿಕ್ಕ ಮೇಲೆ ಮತ್ತೆ ದೇಹ ಯಾಕೆ ಎನ್ನುವುದು ಅವನ ವಾದ.

ಯಾಕೆಂದರೆ ಅವನ ಆಟ ಶುರುವಾಗುವುದೇ ಆಗ. ಸತ್ತವನು ಬದುಕಿರುವ ಗೆಳೆಯನ ಕಣ್ಣಿನಿಂದ ಆಟ ನೋಡಬಹುದು. ಅಣ್ಣ ಜಗಲಿಯ ಮೇಲೆ ಚಕ್ಕಳಮಕ್ಕಳ ಹಾಕಿ, ಹೆಬ್ಬೆರಳಿಗೆ ಗೋಕುಲ್ ಸ್ಯಾಂಡಲ್ ಪೌಡರ್ ಸವರಿಕೊಳ್ಳುತ್ತಾನೆ. ಇನ್ನು ಆ ಬೆರಳಿಗೆ ಕೆಲಸವಿಲ್ಲ, ಆದರೂ ಪೌಡರ್ ಬೇಕು. ಫೋನಿನ ಗಾಜು ಮೂಲೆಯಲ್ಲಿ ಸೀಳಿದೆ, ಚಾರ್ಜರ್ ವೈರಿಗೆ ಇನ್ಸುಲೇಷನ್ ಟೇಪು, ಬಿಸಿ ಏರದಿರಲೆಂದು ಕೆಳಗೊಂದು ಒದ್ದೆ ಬಟ್ಟೆ. ಆಮೇಲೆ ಬಾಯಿ ತೆರೆಯುತ್ತಾನೆ. ಪವರ್‌ಲೂಮ್ ಷೆಡ್ಡಿನಲ್ಲಿ ನಾಲ್ಕು ಮಗ್ಗದ ಸದ್ದಿನ ಮೇಲೆ ಮಾತಾಡಿ ಪಳಗಿದ ಗಂಟಲು ಅದು. ಹೆಡ್‌ಫೋನೇ ಇಲ್ಲದಿದ್ದರೂ ನಾಲ್ಕು ಮನೆಯಾಚೆಯ ಹುಡುಗನಿಗೆ ಅಣತಿ ನೇರವಾಗಿ ತಲುಪುತ್ತದೆ.

"ನಡೂ ಮಧ್ಯಕ್ಕೆ ಓಡ್ಬೇಡ, ಅಂಚಿನಲ್ಲಿ ಬಾ. ಬೆನ್ನ ಹಿಂದೆ ನೀಲಿ ಇದ್ರೆ ಅಲ್ಲಿಂದ ಯಾರೂ ಬರಲ್ಲ, ಮುಂದೆ ಮಾತ್ರ ನೋಡ್ಕೊಂಡ್ರೆ ಸಾಕು."

"ಯಾಕೋ ಹೊಡೆದೆ? ಅವರಿಬ್ರು ಹೊಡೆದಾಡ್ತಿದ್ರಲ್ಲ, ಆಡ್ಲಿ ಬಿಡು. ಗೆದ್ದವನ ಜೀವ ಅರ್ಧ ಆಗಿರುತ್ತೆ, ಆಗ ಹೋಗು."

"ಬ್ಯಾಂಡೇಜ್ ಸುತ್ಕೊಂಡು ಕೂತಿದ್ದೀಯಲ್ಲ, ಅದು 75ಕ್ಕಿಂತ ಮೇಲೆ ಏರಲ್ಲ ಕಣೋ! ಪೇನ್‌ಕಿಲ್ಲರ್ ನುಂಗು, ಎನರ್ಜಿ ಡ್ರಿಂಕ್ ಕುಡಿ. ಕೊನೇಗೆ ಸರ್ಕಲ್ಲೇ ಇರಲ್ಲ, ಎಲ್ಲಾರೂ ನೀಲಿಯಲ್ಲೇ ಬೇಯ್ತಾರೆ. ಔಷಧಿ ಇದ್ದವನು ಗೆಲ್ತಾನೆ, ಬಂದೂಕು ಇದ್ದವನಲ್ಲ."

ಇಲ್ಲಿ ನ್ಯಾಯ ಒಪ್ಪಲೇಬೇಕು. ಹೇಳುವುದೆಲ್ಲ ಸರಿಯಿರುತ್ತದೆ. ಸ್ಮೋಕ್ ಬಾಂಬನ್ನು ಕಾಲ ಕೆಳಗೆ ಎಸೆದುಕೊಳ್ಳದೆ ಶತ್ರುವಿನ ಕಣ್ಣಿಗೆ ಅಡ್ಡವಾಗಿ ಎಸೆಯಬೇಕು ಎಂಬುದನ್ನು ಬೀದಿಗೆ ಕಲಿಸಿದವನು ಅವನು. ನಾಲ್ಕು ಮಗ್ಗದ ಗದ್ದಲದಲ್ಲಿ ಒಂದು ನಿಂತರೆ ತಿರುಗಿ ನೋಡದೆ ಯಾವುದೆಂದು ಹೇಳುವ ಕಿವಿ, ಹುಲ್ಲಿನಲ್ಲಿ ತೆವಳುವವನ ಸದ್ದನ್ನೂ ಬಿಡುವುದಿಲ್ಲ. ಪ್ಲಸ್ ಟೂ ಓದುವ ಹುಡುಗರು ಅವನ ಮಾತು ಕೇಳಿಯೇ ಗೆಲ್ಲುತ್ತಾರೆ. ಗೆದ್ದಾಗ ಚಿಕನ್ ಡಿನ್ನರಿನ ಬಾಬ್ತು ಅಣ್ಣನಿಗೊಂದು ತಟ್ಟುವಡೆ ಸೆಟ್ ಸಲ್ಲಬೇಕು: ಎರಡು ತಟ್ಟುವಡೆಯ ನಡುವೆ ಚಟ್ನಿ, ತುರಿದ ಬೀಟ್‌ರೂಟು, ಕ್ಯಾರೆಟ್ಟು. ಸೋತರೆ ಹುಡುಗರು ಮಾತು ಕೇಳಲಿಲ್ಲ ಎಂದು ಅರ್ಥ. ಆಗ ಎರಡು ಸೆಟ್.

"ಅಣ್ಣಾ, ಇಷ್ಟೆಲ್ಲಾ ಗೊತ್ತಿದ್ದು ನೀವ್ಯಾಕೆ ಮೊದಲೇ ಸಾಯ್ತೀರಾ?" ಎಂದು ಹೊಸ ಹುಡುಗನೊಬ್ಬ ಕೇಳಿದಾಗ ಅಣ್ಣ ಬೇಜಾರು ಮಾಡಿಕೊಳ್ಳಲಿಲ್ಲ. "ಜೀವ ಇದ್ದವನಿಗೆ ಕೈ ನಡುಗುತ್ತೆ ತಮ್ಮಾ. ಸತ್ತವನಿಗೆ ಎಲ್ಲಾ ಸ್ಪಷ್ಟವಾಗಿ ಕಾಣುತ್ತೆ" ಎಂದ. ಟೀ ಅಂಗಡಿಯಲ್ಲಿ ಕ್ರಿಕೆಟ್ ತಂಡ ಕಟ್ಟುವ ಮಾಮಂದಿರು ಆ ಮಾತಿಗೆ ಗಂಭೀರವಾಗಿ ತಲೆಯಾಡಿಸಿದರು.

ಈ ದಿವ್ಯದೃಷ್ಟಿ ಆಟಕ್ಕೇ ಸೀಮಿತವಲ್ಲ. 1792ರಲ್ಲಿ ಟಿಪ್ಪು ಸುಲ್ತಾನ ಶ್ರೀರಂಗಪಟ್ಟಣದ ಒಪ್ಪಂದಕ್ಕೆ ಸಹಿ ಹಾಕಿ ಸೇಲಂ ಸೀಮೆಯನ್ನೂ ಬಾರಾಮಹಲನ್ನೂ ಕಂಪನಿಗೆ ಬಿಟ್ಟುಕೊಟ್ಟದ್ದು ಅಣ್ಣನ ಪ್ರಕಾರ ಶುದ್ಧ ಲಾಸ್ಟ್ ಸರ್ಕಲ್ ಪ್ರಕರಣ. "ಇಂಗ್ಲಿಷರು, ಮರಾಠರು, ನಿಜಾಮ, ಮೂರು ಸ್ಕ್ವಾಡು ಟೀಮ್‌ಅಪ್ ಮಾಡಿದ್ದು ಚೀಟಿಂಗು. ರಿಪೋರ್ಟ್ ಹೊಡೆದಿದ್ರೆ ಮೂವರ ಐಡಿಯೂ ಬ್ಯಾನ್. ಸರಿ, ಅದು ಹೋಗ್ಲಿ. ಝೋನ್ ಕುಗ್ತಾ ಇದೆ ಅಂತ ಗೊತ್ತಾದ ಮೇಲೂ ಕಾಂಪೌಂಡ್ ಒಳಗೇ ಕೂತ್ರೆ 1799 ಆಗ್ದೆ ಇನ್ನೇನಾಗುತ್ತೆ?" ಕೇಳುತ್ತಿದ್ದ ಇತಿಹಾಸದ ಮೇಷ್ಟ್ರು ಟೀ ಅರ್ಧಕ್ಕೆ ಬಿಟ್ಟು ಎದ್ದು ಹೋದರು.

ಆಟಕ್ಕೇ ಸಾವು ಬಂದಾಗಲೂ ಅಣ್ಣ ಧೃತಿಗೆಡಲಿಲ್ಲ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ನಿಷೇಧಿಸಿದ 118 ಆ್ಯಪ್‌ಗಳಲ್ಲಿ ಪಬ್ಜಿ ಮೊಬೈಲೂ ಸೇರಿತ್ತು. ಹುಡುಗರು ಸೂತಕದ ಮುಖ ಹೊತ್ತು ಕೂತರೆ, "ನಾಕ್ ಆಗಿದೆ ಅಷ್ಟೆ, ಫಿನಿಷ್ ಆಗಿಲ್ಲ" ಎಂದು ಧೈರ್ಯ ಹೇಳಿದ. ನಿಜವೇ ಆಯಿತು. ಕೊರಿಯಾದ ಕ್ರಾಫ್ಟನ್ ಕಂಪನಿ 2021ರ ಜುಲೈ 2ರಂದು ಅದೇ ಆಟವನ್ನು ಬಿಜಿಎಂಐ ಎಂಬ ಹೊಸ ಹೆಸರಿನಲ್ಲಿ ತಂದಿತು. ನೆತ್ತರಿನ ಬಣ್ಣ ಕೆಂಪು ಹೋಗಿ ಹಸಿರಾಗಿತ್ತು, ಬಾಯಲ್ಲಿ ಹೆಸರು ಪಬ್ಜಿಯಾಗಿಯೇ ಉಳಿಯಿತು. 2022ರ ಜುಲೈಯಲ್ಲಿ ಮತ್ತೆ ಬಿತ್ತು, 2023ರ ಮೇ ತಿಂಗಳಲ್ಲಿ ಮತ್ತೆ ಎದ್ದಿತು. ಏಳುವಾಗ ಷರತ್ತೊಂದನ್ನು ಹೊತ್ತು ತಂದಿತು: 18 ತುಂಬದವರಿಗೆ ದಿನಕ್ಕೆ 3 ಗಂಟೆ, ಉಳಿದವರಿಗೆ 6 ಗಂಟೆ. ಬಾಯಿಗೆ ಗಂಟೆಯ ಮಿತಿ ಹಾಕುವ ಷರತ್ತು ಇನ್ನೂ ಬಂದಿಲ್ಲವಾದ್ದರಿಂದ ಅಣ್ಣನಿಗೆ ತೊಂದರೆಯಾಗಲಿಲ್ಲ.

ನಡುವೆ 2021ರ ಜೂನ್‌ನಲ್ಲಿ ಒಂದು ಘಟನೆ ನಡೆಯಿತು. ನಿಷೇಧಿತ ಪಬ್ಜಿಯನ್ನು ಆಡಿ ತೋರಿಸುತ್ತ ಬಾಯಿಗೆ ಬಂದಂತೆ ಅಶ್ಲೀಲ ಮಾತಾಡುತ್ತಿದ್ದ ಆರೋಪದ ಮೇಲೆ ಯೂಟ್ಯೂಬರ್ ಒಬ್ಬನನ್ನು ಚೆನ್ನೈ ಪೊಲೀಸರು ಹುಡುಕಿಕೊಂಡು ಬಂದು ಧರ್ಮಪುರಿಯಲ್ಲಿ ಹಿಡಿದರು. ಸೇಲಂನ ತಾಯಂದಿರಿಗೆ ಬೇಕಿದ್ದ ಆಯುಧ ಸಿಕ್ಕಿತು. "ನೋಡಿದ್ಯಾ? ಪಕ್ಕದ ಜಿಲ್ಲೆವರೆಗೂ ಬಂದ್ರು" ಎಂದು ಅಣ್ಣನ ಅವ್ವ ಪೇಪರನ್ನು ಮುಖಕ್ಕೆ ಹಿಡಿದರು. ಅಣ್ಣ ಸುದ್ದಿಯನ್ನು ಪೂರ್ತಿ ಓದಿ, "ತೊಪ್ಪೂರು ಘಾಟಿ ದಾಟಿದ ಮೇಲೆ ಕವರ್ ಇಲ್ಲವ್ವಾ, ಧರ್ಮಪುರಿ ಅಷ್ಟೂ ಓಪನ್ನು. ಮೇಟ್ಟೂರು ಕಡೆ ಹೋಗಿದ್ರೆ ಕಾಡೂ ಇತ್ತು, ನೀರೂ ಇತ್ತು" ಎಂದ. ಅವ್ವ ಪೇಪರನ್ನೇ ಸುರುಳಿ ಸುತ್ತಿ ಒಂದು ಬಿಟ್ಟರು.

ಷೆಡ್ಡಿನ ಯಜಮಾನರದು ಬೇರೆ ದೂರು. ತಮಿಳುನಾಡು ಸರ್ಕಾರ ಪವರ್‌ಲೂಮಿನವರಿಗೆ ಎರಡು ತಿಂಗಳಿಗೊಮ್ಮೆ ಕೊಡುವ ಉಚಿತ ಕರೆಂಟನ್ನು 2023ರಲ್ಲಿ 750 ಯೂನಿಟ್‌ನಿಂದ 1000ಕ್ಕೆ ಏರಿಸಿತಲ್ಲ, ಆ ಹೆಚ್ಚಿನ 250 ಅಣ್ಣನ ಚಾರ್ಜರಿಗೇ ಹೋಗುತ್ತದೆ ಎನ್ನುತ್ತಾರೆ. ಆದರೂ ಕೆಲಸದಿಂದ ಬಿಡಿಸುವುದಿಲ್ಲ. ಅಂಚಿನಲ್ಲಿ ಎಳೆ ತಪ್ಪಿದ್ದನ್ನು ಅವನಷ್ಟು ಬೇಗ ಹಿಡಿಯುವವರು ಬೇರೆ ಇಲ್ಲ. ಪಕ್ಕದವನ ಮಗ್ಗದಲ್ಲಿ ತಪ್ಪಿದ್ದರಂತೂ ಇನ್ನೂ ಬೇಗ.

ಹೀಗೆ ಸುಖವಾಗಿ ಸಾಯುತ್ತಿದ್ದ ಅಣ್ಣ ಒಂದು ರಾತ್ರಿ ಆಕಸ್ಮಿಕವಾಗಿ ಬದುಕಿಬಿಟ್ಟ. ಪೊಚಿಂಕಿಯಲ್ಲಿ ಅಂದು ಬೇರೆ ಯಾರೂ ಇಳಿಯಲಿಲ್ಲ. ಸಿಕ್ಕಿದ್ದೆಲ್ಲ ಒಳ್ಳೆಯ ಸಾಮಾನು. ಹುಡುಗರೇ ಒಬ್ಬರಾದ ಮೇಲೊಬ್ಬರು ಉರುಳಿ, ಲಾಸ್ಟ್ ಸರ್ಕಲ್ಲಿನಲ್ಲಿ ಅಣ್ಣನೊಬ್ಬನೇ ಒಂದು ಬಂಡೆಯ ಹಿಂದೆ ಉಳಿದ. ಎದುರು ಇನ್ನೊಂದೇ ಜೀವ. ಜಗಲಿಯ ಸುತ್ತ ಜನ ನೆರೆಯಿತು. ಸತ್ತ ಮೂವರೂ ಇಷ್ಟು ದಿನ ಕೇಳಿಸಿಕೊಂಡದ್ದನ್ನೆಲ್ಲ ಬಡ್ಡಿ ಸಮೇತ ತೀರಿಸತೊಡಗಿದರು. "ಅಣ್ಣಾ ಸ್ಮೋಕ್!" "ಅಣ್ಣಾ ಮಲಗಿ!" "ಮಲಗ್ಬೇಡಿ ಅಣ್ಣಾ, ಪೇನ್‌ಕಿಲ್ಲರ್!" ಅಣ್ಣನ ಹೆಬ್ಬೆರಳಿನಿಂದ ಪೌಡರ್ ಬೆವರಾಗಿ ಇಳಿಯಿತು.

"ಸುಮ್ನಿರ್ರೋ ಒಂದ್ನಿಮಿಷ! ಬಂಡೆ ಹಿಂದೆ ನಾನಿದ್ದೀನಲ್ಲ, ನಂಗೊತ್ತು!" ಎಂದು ಗುಡುಗಿದ. ಮೈಕು ಸ್ಕ್ವಾಡಿನವರಿಗೆ ಮಾತ್ರವಲ್ಲ, ಹತ್ತಿರದ ಎಲ್ಲರಿಗೂ ಕೇಳುವ ಹಾಗೆ ತೆರೆದಿತ್ತು. ಈ ನಾಡಿನಲ್ಲಿ ಮನೆಯ ಕನ್ನಡ ಶತ್ರುವಿಗೆ ತಿಳಿಯುವುದಿಲ್ಲ ಎಂಬ ಧೈರ್ಯದಲ್ಲಿ ಬೀದಿಯವರೆಲ್ಲ ಹಾಗೇ ಆಡುತ್ತಿದ್ದರು. ಒಂದು ಗಳಿಗೆ ಬಿಟ್ಟು ಎದುರಿನ ಹುಲ್ಲಿನಿಂದ ದನಿ ಬಂತು.

"ಅಣ್ಣಾ, ಕನ್ನಡದವರಾ? ಯಾವೂರು?"

ಯಾವೂರು ಎಂದು ಕೇಳಿದವರಿಗೆ ಉತ್ತರ ಕೊಡದೆ ಇರುವುದು ನಮ್ಮವರಿಗೆ ತಿಳಿಯದ ವಿದ್ಯೆ. "ಸೇಲಂ ಕಣಪ್ಪಾ, ದೇವಾಂಗರು. ನೀವು?"

"ನಾವೂ ದೇವಾಂಗರೇ ಅಣ್ಣಾ, ಧರ್ಮಪುರಿ. ಯಾವ ಕುಲ ನಿಮ್ಮದು?"

ಅಣ್ಣ ಬಂಡೆಯ ಹಿಂದಿನಿಂದ ಎದ್ದು ನಿಂತೇ ಕುಲ ಹೇಳಿದ. ಕೂತು ಹೇಳುವ ಸಂಗತಿ ಅದಲ್ಲ. ಹುಲ್ಲಿನಲ್ಲಿ ಲೆಕ್ಕಾಚಾರ ನಡೆಯಿತು.

"ಹಂಗಾದ್ರೆ ನೀವು ನಮಗೆ ಮಾಮ ಆಗ್ಬೇಕು."

"ಹೌದಾ!" ಎಂದ ಅಣ್ಣ.

"ತಪ್ಪು ತಿಳ್ಕೋಬೇಡಿ ಮಾಮಾ" ಎಂದಿತು ಹುಲ್ಲು. ಒಂದೇ ಗುಂಡು.

ಜಗಲಿ ಗಪ್ಪಾಯಿತು. ಹುಡುಗರು ಅಣ್ಣನ ಮುಖ ನೋಡಲಾರದೆ ನೆಲ ನೋಡಿದರು. ಒಳಗಿನಿಂದ ಅವ್ವ ಸೆರಗಿಗೆ ಕೈಯೊರೆಸಿಕೊಳ್ಳುತ್ತ ಓಡಿ ಬಂದರು. "ಹೊಡೆದವನು ಮಾಮಾ ಅಂದನೇನೋ? ಬಾಯ್ತುಂಬ ಅಂದನಾ? ಮನೇಲಿ ಅಕ್ಕತಂಗೀರು ಇದ್ದಾರಾ ಕೇಳೋ!"

ಅಣ್ಣ ಆಗಲೇ ಆ ಐಡಿಗೆ ಫ್ರೆಂಡ್ ರಿಕ್ವೆಸ್ಟ್ ಕಳಿಸಿ ಆಗಿತ್ತು. ಹುಡುಗ ಒಪ್ಪಿಕೊಂಡೂ ಇದ್ದ. ಅವ್ವ ಹೆಗಲ ಮೇಲಿಂದ ಬಗ್ಗಿ ನೋಡುತ್ತಿದ್ದರೆ ಅಣ್ಣ ಎರಡೂ ಹೆಬ್ಬೆರಳಿಂದ ಸರಸರನೆ ಸಂದೇಶ ಒತ್ತುತ್ತಿದ್ದ: "ತಮ್ಮಾ, ಗೆದ್ದೆ ಸರಿ. ಆದ್ರೆ ನೀನು ಹುಲ್ಲಿನ ಎಡಗಡೆಯಿಂದ ಹೊಡೆದಿದ್ದು ದೊಡ್ಡ ತಪ್ಪು. ನಾಳೆ ಎಂಟಕ್ಕೆ ಬಾ, ಹೇಳಿಕೊಡ್ತೀನಿ."