ತೆಪ್ಪ ನಿಂತ ದಿನದ ಕೈಪಿಡಿ

ಬಳಸುವ ಸಂದರ್ಭ: ಕೆಆರ್‌ಎಸ್, ಕಬಿನಿ ಅಣೆಕಟ್ಟುಗಳಿಂದ ನೀರು ಬಿಟ್ಟು, ಕಾವೇರಿಯ ಹೊಗೆನಕಲ್ಲಿನಲ್ಲಿ ತೆಪ್ಪ ಇಳಿಸಬಾರದೆಂದು ಅಪ್ಪಣೆಯಾದ ದಿನ. ಲಾಡ್ಜಿನ ಕೋಣೆಯಲ್ಲಿ ಕೂತವರಿಗೆ ಪದದಾಟ ಒಳ್ಳೆಯದು.

ಬೇಕಾದ ಸಾಮಾನು: ಹಳೆಯದೊಂದು ಲ್ಯಾಪ್‌ಟಾಪ್, ಸಾಲಿಗೊಂದು ಪದವಿರುವ ಕಡತ. ಅರ್ಥವೂ ಬೇಕೆನ್ನುವವರು 1894ರ ಕಿಟೆಲ್ ನಿಘಂಟನ್ನು ಹೊತ್ತು ತರಲಿ. ಇಂಗ್ಲಿಷಿನವರಿಗೆ ಎಷ್ಟೋ ಯುನಿಕ್ಸ್ ಯಂತ್ರಗಳಲ್ಲಿ ಇಂಥ ಪದಗಳ ಕಡತ ಪುಕ್ಕಟೆ ಸಿಗುತ್ತದೆ. 1934ರ ವೆಬ್‌ಸ್ಟರ್ ನಿಘಂಟಿನಿಂದ ಎತ್ತಿದ ಎರಡು ಲಕ್ಷಕ್ಕೂ ಹೆಚ್ಚು ಪದ. ನಾವು ಕಾಡಿಬೇಡಿ ತರಬೇಕು. ಸಿಕ್ಕಿದ್ದು ಹಳೆಯ ನುಡಿ ಫಾಂಟಿನ ಕಡತವಾದರೆ ಮೊದಲು ಯುನಿಕೋಡಿಗೆ ಬದಲಿಸಿ. ಇಲ್ಲವೆಂದರೆ ಕನ್ನಡವಿರಬೇಕಾದ ಕಡೆ ರೋಮನ್ ಅಕ್ಷರಗಳ ಜಾತ್ರೆ ನೆರೆಯುತ್ತದೆ.

ಈಗ ಪ್ರತಿ ಪದವನ್ನೂ ತಿರುಗಿಸಿ, ಹಿಂದುಮುಂದು ಒಂದೇ ಆದದ್ದನ್ನು ಹಿಡಿದಿಡುವಂತೆ ಯಂತ್ರಕ್ಕೆ ಹೇಳಿ. ಕನಕ, ನಯನ, ಸರಸ ತಾವಾಗಿ ಬಂದು ಬೀಳುತ್ತವೆ. ಗದಗ ಬಂದರೆ ಊರಿನ ಹೆಸರು ನಡೆಯದೆಂದು ಪಕ್ಕದವರು ತಕರಾರು ತೆಗೆಯುತ್ತಾರೆ, ತೆಗೆಯಲಿ. ಆದರೆ ಕಿಟಕಿ ಬರುವುದಿಲ್ಲ, ವಿಕಟಕವಿಯೂ ಬರುವುದಿಲ್ಲ. ಗಾಬರಿ ಬೇಡ. ನಮಗೆ ‘ಕಿ’ ಒಂದಕ್ಷರ, ಯುನಿಕೋಡಿಗೆ ಎರಡು: ಮೊದಲು ಕ, ಆಮೇಲೆ ಗುಡಿಸು. ಯಂತ್ರ ಬಿಡಿಬಿಡಿಯಾಗಿ ತಿರುಗಿಸಿದಾಗ ಕಿಟಕಿ ಹೋಗಿ ‘ಕಟಿಕ’ ಆಗುತ್ತದೆ, ಅದರ ಮುಂದೊಂದು ದಿಕ್ಕಿಲ್ಲದ ಗುಡಿಸು. ಕಾಗುಣಿತ, ಒತ್ತುಗಳನ್ನು ಅವುಗಳ ಅಕ್ಷರಕ್ಕೆ ಕಟ್ಟಿ, ಆಮೇಲೆ ತಿರುಗಿಸಿ. ಕನ್ನಡ ಪದದಾಟದ ಪ್ರೋಗ್ರಾಮುಗಳು ಮುಗ್ಗರಿಸುವುದು ಹೆಚ್ಚಾಗಿ ಇಲ್ಲೇ.

ಪದ ಸೀಳುವ ಆಟಕ್ಕೆ ಹೊಗೆನಕಲ್ ಕೊಡಬೇಡಿ. ಪಟ್ಟಿಯಲ್ಲಿ ‘ನಕಲು’ ಇದೆ, ಈ ಊರಿಲ್ಲ. ಹಾಗಾಗಿ ಅದು ಹೊಗೆಯ ನಕಲೆಂದು ಯಂತ್ರ ತೀರ್ಪು ಕೊಟ್ಟು, ಕಾವೇರಿಯ ಅಷ್ಟೂ ಬಂಡೆಯನ್ನು ನುಂಗಿಬಿಡುತ್ತದೆ.

ಯಂತ್ರ ತೆವಳಿದರೆ ಎಲ್ಲರೂ ರ್ಯಾಮನ್ನೇ ಬೈಯುವುದು. ಲಿನಕ್ಸಿನಲ್ಲಿ ಡಿಎಂಐಡಿಕೋಡ್ ಎಂಬ ಪ್ರೋಗ್ರಾಮು ಓಡಿಸಿ, ರ್ಯಾಮಿನ ವಿವರವಿರುವ 17ನೆಯ ಬಗೆಯ ದಾಖಲೆ ನೋಡಿ. ಆದರೆ ಅದು ಯಂತ್ರದ ಹೊಟ್ಟೆಗೆ ಕೈಹಾಕಿ ತಡಕುವುದಿಲ್ಲ. ಯಂತ್ರ ಏಳುವಾಗ ಫರ್ಮ್‌ವೇರ್ ಬರೆದಿಟ್ಟ ಎಸ್‌ಎಂಬಯಾಸ್ ಪಟ್ಟಿಯನ್ನು ಓದಿ ಹೇಳುತ್ತದೆ, ಅಷ್ಟೆ. ಪದಪಟ್ಟಿಯಲ್ಲಿ ಊರಿಲ್ಲದಿದ್ದ ಹಾಗೆ ಇಲ್ಲೂ ಯಾರೋ ತುಂಬದೆ ಬಿಟ್ಟದ್ದು ಖಾಲಿ. ಎಷ್ಟೋ ಮದರ್‌ಬೋರ್ಡುಗಳು ತಯಾರಕರ ಹೆಸರು ಕೇಳಿದರೆ ‘ಟು ಬಿ ಫಿಲ್ಡ್ ಬೈ ಓಇಎಂ’ ಎನ್ನುತ್ತವೆ: ತಯಾರಕರೇ ತುಂಬಬೇಕಂತೆ! ಈ ಮಾಹಿತಿ ಬಹುಪಾಲು ತಪ್ಪೋ ಅರೆಬರೆಯೋ ಆಗಿರುತ್ತದೆಂದು ಡಿಎಂಐಡಿಕೋಡಿನ ಕೈಪಿಡಿಯೇ ಒಪ್ಪುತ್ತದೆ. ಇಷ್ಟು ಪ್ರಾಮಾಣಿಕತೆ ನಮ್ಮ ನಿಘಂಟುಗಳ ಮುನ್ನುಡಿಗಳಲ್ಲೂ ಅಪರೂಪ.

ನಂಬಿಕೆ ಬಾರದಿದ್ದರೆ ಸ್ಕ್ರೂ ಬಿಚ್ಚಿ ಕಣ್ಣಾರೆ ನೋಡಿ. ಅಂದಹಾಗೆ, ಲಕ್ಷ ಪದದ ಪಟ್ಟಿ ಕೆಲವೇ ಎಂಬಿ ಹಿಡಿಯುತ್ತದೆ. ರ್ಯಾಮ್ ಕೊಳ್ಳುವ ಮೊದಲು ನಿಮ್ಮ ಕೋಡನ್ನು ಇನ್ನೊಮ್ಮೆ ಓದಿ.